ಹಳೆಯ ಧ್ವನಿಯನ್ನು ಸಿನಿಮಾಗೆ ತರುವ ಮುಂಚೆ

ಪ್ರಶ್ನೆ: ಸರ್, ತೀರಿಹೋದ ಒಬ್ಬ ರಂಗನಟಿಯ ಬಗ್ಗೆ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಅವರ ಮನೆಯವರು ಒಂದು ಪೆಟ್ಟಿಗೆ ಕೊಟ್ಟಿದ್ದಾರೆ. ಅದರಲ್ಲಿ ಸ್ಪೂಲ್ ಟೇಪ್‌ಗಳು, ಕ್ಯಾಸೆಟ್‌ಗಳು, ಲೇಬಲ್ ಮೇಲೆ ಕೈಬರಹ ಇರುವ ಎರಡು ಕಪ್ಪು ಪ್ಲೇಟ್‌ಗಳು ಇವೆ. ಒಂದು ಸ್ಪೂಲಿನಿಂದ ಹುಳಿ ವಾಸನೆ ಬರುತ್ತಿದೆ. ಗೆಳೆಯರ ಹತ್ತಿರ ಹಳೆ ಟೇಪ್ ರೆಕಾರ್ಡರ್ ಇದೆ, ಅದರಲ್ಲಿ ಹಾಕಿ ಕೇಳಬಹುದಾ? ಎಂಪಿ3 ಮಾಡಿಕೊಟ್ಟರೆ ಸಾಕು ಅಂತ ಎಡಿಟರ್ ಹೇಳುತ್ತಾರೆ. ಗರಗರ ಶಬ್ದವನ್ನೆಲ್ಲ ತೆಗೆಸಿ ಬಳಸಿದರೆ ತಪ್ಪಾ? ಸಿನಿಮಾಗೆ ಬೇಕಾಗಿರುವುದು ಹತ್ತು ನಿಮಿಷದ ಧ್ವನಿ ಅಷ್ಟೇ.

ಉತ್ತರ: ಇನ್ನೂ ಯಾವುದನ್ನೂ ಹಾಕಿ ಕೇಳಿಲ್ಲ ಅಂದುಕೊಂಡು ಬರೆಯುತ್ತಿದ್ದೇನೆ. ಕೇಳಲು ಶುರು ಮಾಡಿದ್ದರೆ ಇವತ್ತೇ ನಿಲ್ಲಿಸಿ. ಕೆಲವು ಟೇಪು, ಪ್ಲೇಟುಗಳನ್ನು ಒಂದೇ ಒಂದು ಸಲ ತಪ್ಪು ಮೆಶಿನ್‌ನಲ್ಲಿ ಓಡಿಸಿದರೂ ಸಾಕು, ಅದರಲ್ಲಿದ್ದ ಧ್ವನಿ ಮತ್ತೆ ಸಿಗುವುದಿಲ್ಲ. ನಿಮ್ಮ ಕೈಲಿರುವುದಕ್ಕೆ ಇನ್ನೊಂದು ಪ್ರತಿ ಎಲ್ಲೂ ಇಲ್ಲದೇ ಇರಬಹುದು.

ನಿಮ್ಮ ಎಲ್ಲ ಪ್ರಶ್ನೆಗೂ ನಾನು ಒಂದೇ ನಂಬಿಕೆಯಿಂದ ಉತ್ತರಿಸುತ್ತೇನೆ. ಕಾಪಿಡುವ ಪ್ರತಿ ಬೇರೆ, ಸಿನಿಮಾಗೆ ಬಳಸುವ ಪ್ರತಿ ಬೇರೆ. ಮೊದಲನೆಯದಕ್ಕೆ ಯಾರೂ ಕೈ ಹಚ್ಚಬಾರದು. ಎರಡನೆಯದರಲ್ಲಿ ನಿಮಗೆ ಬೇಕಾದ ಕತ್ತರಿ ಕೆಲಸ ಮಾಡಿಕೊಳ್ಳಿ. ಬಜೆಟ್ ಕಡಿಮೆ ಇರುವ ಸಿನಿಮಾಗಳಲ್ಲಿ ಈ ಎರಡನ್ನೂ ಒಂದೇ ಮಾಡಿಬಿಡುತ್ತಾರೆ. ಬೇಕಾದ ಹತ್ತು ನಿಮಿಷವನ್ನು ಮಾತ್ರ ಎತ್ತಿಕೊಂಡು, ಕ್ಲೀನ್ ಮಾಡಿ, ಟೈಮ್‌ಲೈನ್‌ಗೆ ಹಾಕಿ, ಮೂಲವನ್ನು ವಾಪಸ್ ಪೆಟ್ಟಿಗೆಗೆ ಸೇರಿಸುತ್ತಾರೆ. ಮುಂದೆ ಇನ್ನೊಬ್ಬರು ಆ ಪೆಟ್ಟಿಗೆ ತೆರೆಯುವ ಹೊತ್ತಿಗೆ ಟೇಪ್ ಹೋಗಿರುತ್ತದೆ. ಉಳಿಯುವುದು ಸಿನಿಮಾದೊಳಗಿನ ಆ ಹತ್ತು ನಿಮಿಷ, ಅದೂ ಕೆಳಗೆ ಸಂಗೀತ ಬೆರೆಸಿದ್ದು.

ಕೈಲಿರುವುದು ಏನು ಅಂತ ಮೊದಲು ಗುರುತಿಸಿಕೊಳ್ಳಿ. ಕ್ಯಾಸೆಟ್‌ಗಳ ಮೇಲಂಚಿನಲ್ಲಿ ಎರಡು ಪುಟ್ಟ ಪ್ಲಾಸ್ಟಿಕ್ ಹಲ್ಲುಗಳಿರುತ್ತವೆ. ಅವನ್ನು ಈಗಲೇ ಮುರಿದು ತೆಗೆಯಿರಿ. ಆಗ ಯಾರಾದರೂ ತಪ್ಪಿ ರೆಕಾರ್ಡ್ ಬಟನ್ ಒತ್ತಿದರೂ ಮೇಲೆ ಮುದ್ರಣ ಆಗುವುದಿಲ್ಲ. ಸ್ಪೂಲ್‌ಗಳನ್ನು ಒಂದೊಂದಾಗಿ ಬೆಳಕಿಗೆ ಅಡ್ಡ ಹಿಡಿದು ನೋಡಿ. ಸುತ್ತಿದ ಟೇಪಿನ ಮೂಲಕ ಬೆಳಕು ಹಾದುಬಂದರೆ ಅದರ ಪಟ್ಟಿ ಅಸಿಟೇಟ್ ಎಂಬ ಪ್ಲಾಸ್ಟಿಕ್‌ನದ್ದು. ಬೆಳಕು ತೂರದೆ ಕಪ್ಪಾಗಿ ಕಂಡರೆ ಬಹುಮಟ್ಟಿಗೆ ಪಾಲಿಯೆಸ್ಟರ್ ಎಂಬ ಇನ್ನೊಂದು ಪ್ಲಾಸ್ಟಿಕ್‌ನದ್ದು. ಈ ವ್ಯತ್ಯಾಸ ಬಹಳ ಮುಖ್ಯ, ಏಕೆಂದರೆ ಎರಡಕ್ಕೂ ಬರುವ ರೋಗ ಬೇರೆ, ಮದ್ದೂ ಬೇರೆ.

ನಿಮಗೆ ಬರುತ್ತಿರುವ ಹುಳಿ ವಾಸನೆ ಅಸಿಟೇಟ್ ಕೊಳೆಯುವಾಗ ಬಿಡುವ ಅಸಿಟಿಕ್ ಆಮ್ಲದ್ದು. ಹಳೆ ಫಿಲ್ಮ್‌ಗಳ ಜೊತೆ ಕೆಲಸ ಮಾಡುವವರು ಇದನ್ನು ವಿನೆಗರ್ ಸಿಂಡ್ರೋಮ್ ಅನ್ನುತ್ತಾರೆ. ಆ ಆಮ್ಲವೇ ಮತ್ತಷ್ಟು ಕೊಳೆಸುತ್ತದೆ. ಹಾಗಾಗಿ ಒಮ್ಮೆ ಶುರುವಾದರೆ ವೇಗ ಹೆಚ್ಚುತ್ತಲೇ ಹೋಗುತ್ತದೆ, ಪಕ್ಕದಲ್ಲಿರುವ ಟೇಪಿಗೂ ತಗಲುತ್ತದೆ. ಆ ಸ್ಪೂಲನ್ನು ಇವತ್ತೇ ಬೇರೆ ಇಡಿ. ಬಿಗಿಯಾದ ಪ್ಲಾಸ್ಟಿಕ್ ಚೀಲದಲ್ಲಿ ಕಟ್ಟಬೇಡಿ, ಆವಿ ಒಳಗೇ ಉಳಿದುಬಿಡುತ್ತದೆ. ತಂಪಾದ, ಒಣ, ಗಾಳಿಯಾಡುವ ಜಾಗ ಸಾಕು. ಡಿಜಿಟಲ್ ಮಾಡಿಸುವಾಗ ಮೊದಲ ಸರದಿ ಇದರದ್ದೇ ಆಗಲಿ, ಸಿನಿಮಾಗೆ ಬೇಕಾದ ಮಾತು ಅದರಲ್ಲಿ ಇಲ್ಲದಿದ್ದರೂ.

ಪಾಲಿಯೆಸ್ಟರ್ ಟೇಪಿನ ತೊಂದರೆ ಅಂಟು. ಕಾಂತೀಯ ಪುಡಿಯನ್ನು ಪಟ್ಟಿಗೆ ಹಿಡಿದಿಡುವ ಅಂಟು ಗಾಳಿಯ ತೇವ ಹೀರಿ ಮೆತ್ತಗಾಗುತ್ತದೆ. 1970 ಮತ್ತು 80ರ ದಶಕದ ಕೆಲವು ಟೇಪ್‌ಗಳಲ್ಲಿ ಇದು ತುಂಬ ಸಾಮಾನ್ಯ. ಓಡಿಸಿದರೆ ಕಿರ್ರ್ ಅಂತ ಕಿರುಚುತ್ತದೆ, ಹೆಡ್ (ಟೇಪಿನಿಂದ ಧ್ವನಿ ಓದುವ ಭಾಗ) ಮೇಲೆ ಕಂದು ಬಣ್ಣದ ಜಿಗುಟು ಮೆತ್ತಿಕೊಳ್ಳುತ್ತದೆ. ಆ ಜಿಗುಟಿನಲ್ಲೇ ಧ್ವನಿ ಇರುವುದು. ಕಿರುಚಿದ ಕ್ಷಣಕ್ಕೇ ನಿಲ್ಲಿಸಬೇಕು. ಇಂಥ ಟೇಪನ್ನು ಸುಮಾರು 50 ಡಿಗ್ರಿ ಸೆಲ್ಸಿಯಸ್‌ನಲ್ಲಿ, ಹದವಾದ ಶಾಖದಲ್ಲಿ, ಗಂಟೆಗಟ್ಟಲೆ ಇಟ್ಟರೆ ಅಂಟು ಕೆಲವು ವಾರಗಳ ಮಟ್ಟಿಗೆ ಸರಿಹೋಗುತ್ತದೆ. ಅಷ್ಟರೊಳಗೆ ಡಿಜಿಟಲ್ ಮಾಡಿಕೊಳ್ಳಬೇಕು. ಇದಕ್ಕೆ ಅಡುಗೆಮನೆಯ ಓವನ್ ಬಳಸಬೇಡಿ, ಅನುಭವ ಇದ್ದವರಿಂದಲೇ ಮಾಡಿಸಿ. ಅಸಿಟೇಟ್ ಟೇಪನ್ನಂತೂ ಯಾವ ಕಾರಣಕ್ಕೂ ಬಿಸಿ ಮಾಡಬಾರದು. ಬೆಳಕಿಗೆ ಹಿಡಿದು ನೋಡಿ ಅಂದದ್ದು ಇದಕ್ಕೇ.

ನನಗೆ ಎಲ್ಲಕ್ಕಿಂತ ಜಾಸ್ತಿ ಭಯ ಆ ಎರಡು ಪ್ಲೇಟುಗಳ ಬಗ್ಗೆ. ಲೇಬಲ್ ಕೈಬರಹದಲ್ಲಿದೆ ಅಂದರೆ ಅವು ಅಂಗಡಿಯಲ್ಲಿ ಮಾರಿದ ಗ್ರಾಮಫೋನ್ ಪ್ಲೇಟುಗಳಾಗಿರಲಾರವು. ಸ್ಥಳದಲ್ಲೇ ನೇರವಾಗಿ ಕೊರೆದ ಲ್ಯಾಕರ್ ಪ್ಲೇಟುಗಳಿರಬೇಕು, ಅಂದರೆ ಸಾಮಾನ್ಯವಾಗಿ ಲೋಹದ ತಟ್ಟೆಗೆ ಮೆರುಗೆಣ್ಣೆಯಂಥ ಮೆತ್ತನೆ ಪದರ ಬಳಿದವು. ನಡುವಿನ ತೂತಿನ ಒಳ ಅಂಚು ನೋಡಿ. ಅಲ್ಲಿ ಅಲ್ಯೂಮಿನಿಯಂ ಹೊಳೆದರೆ, ಇಲ್ಲವೇ ಆ ತೂತಿನ ಪಕ್ಕದಲ್ಲಿ ಇನ್ನೊಂದು ತೂತಿದ್ದರೆ, ಬಹುಮಟ್ಟಿಗೆ ಲ್ಯಾಕರ್. ಎರಡನೇ ಮಹಾಯುದ್ಧದ ಕಾಲದಲ್ಲಿ ಅಲ್ಯೂಮಿನಿಯಂ ಸಿಗದೆ ಗಾಜಿನ ಮೇಲೆ ಲ್ಯಾಕರ್ ಬಳಿದದ್ದೂ ಉಂಟು. ಅದು ಕೈಜಾರಿದರೆ ಮುಗಿಯಿತು. ವರ್ಷ ಕಳೆದಂತೆ ಲ್ಯಾಕರ್ ಕುಗ್ಗುತ್ತದೆ, ಕೆಳಗಿನ ಲೋಹ ಕುಗ್ಗುವುದಿಲ್ಲ. ಹೀಗೆ ಒಂದು ದಿನ ಮೇಲಿನ ಪದರ ಬಿರಿದು ಚಕ್ಕೆಯಾಗಿ ಏಳುತ್ತದೆ. ಮೇಲೆ ಬಿಳಿ ಪುಡಿಯೋ ಜಿಡ್ಡೋ ಕಂಡರೆ ಅದು ಒಳಗಿದ್ದ ಎಣ್ಣೆಯ ಅಂಶ ಹೊರಬರುತ್ತಿರುವ ಗುರುತು. ಅದನ್ನು ಬಟ್ಟೆಯಿಂದ ಒರೆಸಬೇಡಿ. ಸ್ಪಿರಿಟ್ ಹಾಕಿ ತೊಳೆಯಬೇಡಿ. ಹಳೆ ಗ್ರಾಮಫೋನ್ ಪೆಟ್ಟಿಗೆಯ ಉಕ್ಕಿನ ಮುಳ್ಳು ಇಡಲೇಬೇಡಿ, ಆ ಭಾರಕ್ಕೆ ಗೆರೆಯ ಗೋಡೆ ಕೆತ್ತಿಹೋಗುತ್ತದೆ. ನಿಲ್ಲಿಸಿ ಇಡಿ, ಒಂದರ ಮೇಲೊಂದು ಪೇರಿಸಬೇಡಿ.

ಮುಳ್ಳೇ ತಾಗಿಸದೆ ಧ್ವನಿ ತೆಗೆಯುವ ದಾರಿಯೂ ಈಗ ಇದೆ. ಗೆರೆಗಳನ್ನು ಕ್ಯಾಮೆರಾದಿಂದ ಸೂಕ್ಷ್ಮವಾಗಿ ಚಿತ್ರ ತೆಗೆದು, ಆ ಚಿತ್ರದಿಂದ ಕಂಪ್ಯೂಟರ್ ಧ್ವನಿ ಕಟ್ಟುತ್ತದೆ. ಅಮೆರಿಕದ ಲಾರೆನ್ಸ್ ಬರ್ಕ್ಲಿ ಪ್ರಯೋಗಾಲಯದ ಭೌತವಿಜ್ಞಾನಿ ಕಾರ್ಲ್ ಹೇಬರ್ ಮತ್ತು ಜೊತೆಗಾರರು ಬೆಳೆಸಿದ ವಿಧಾನ ಇದು. ಟೆಲಿಫೋನಿನ ಅಲೆಕ್ಸಾಂಡರ್ ಗ್ರಹಾಂ ಬೆಲ್ 1885ರಲ್ಲಿ ಮುದ್ರಿಸಿದ ಸ್ವಂತ ಧ್ವನಿ ಜಗತ್ತಿಗೆ ಕೇಳಿಸಿದ್ದು 2013ರಲ್ಲಿ, ಇದೇ ದಾರಿಯಲ್ಲಿ. ಎಲ್ಲರ ಕೈಗೂ ಸಿಗುವ ಸೌಲಭ್ಯ ಅಲ್ಲ, ನಿಜ. ಆದರೆ ಒಡೆದ ಪ್ಲೇಟನ್ನೂ ಬಿಸಾಡಬಾರದು, ಚೂರುಗಳನ್ನು ಅಂಟಿಸಲೂಬಾರದು ಅನ್ನುವುದಕ್ಕೆ ಇದೇ ಕಾರಣ.

ಇನ್ನು ಗೆಳೆಯರ ಟೇಪ್ ರೆಕಾರ್ಡರ್. ಅದರ ರಬ್ಬರ್ ರೋಲರ್ ಗಟ್ಟಿಯಾಗಿರಬಹುದು, ಬ್ರೇಕ್ ಸವೆದಿರಬಹುದು, ಹೆಡ್‌ನಲ್ಲಿ ಕಾಂತತ್ವ ಉಳಿದಿರಬಹುದು. ಕಾಂತತ್ವ ಉಳಿದ ಹೆಡ್ ಮೇಲೆ ಓಡಿದ ಟೇಪಿನಲ್ಲಿ ತಾರಸ್ಥಾಯಿಯ (ಎತ್ತರದ ಶ್ರುತಿಯ) ಧ್ವನಿ ಪ್ರತಿ ಸಲವೂ ಸ್ವಲ್ಪ ಅಳಿಸುತ್ತದೆ. ಮೆಶಿನ್ ಸರ್ವಿಸ್ ಮಾಡಿಸಿ, ಬೇಡದ ಟೇಪೊಂದನ್ನು ಮೊದಲು ಓಡಿಸಿ ನೋಡಿದ ಮೇಲೆ ಮಾತು. ಜೊತೆಗೆ ಟ್ರ್ಯಾಕ್ ಹೊಂದಬೇಕು. ಕಾಲು ಇಂಚಿನ ಟೇಪಿನಲ್ಲಿ ಪೂರ್ತಿ ಅಗಲಕ್ಕೆ ಮುದ್ರಿಸಿದ್ದು, ಅರ್ಧಕ್ಕೆ ಮುದ್ರಿಸಿದ್ದು, ಕಾಲುಭಾಗಕ್ಕೆ ಮುದ್ರಿಸಿದ್ದು ಎಲ್ಲವೂ ಇರುತ್ತವೆ. ನಿಮ್ಮ ನಟಿಯ ಮಾತಿನ ಹಿಂದೆ ಯಾರೋ ಉಲ್ಟಾ ಮಾತಾಡಿದ ಹಾಗೆ ಕೇಳಿಸಿದರೆ ಹೆಡ್ ಹೊಂದಿಲ್ಲ ಅಂತ ಅರ್ಥ. ಟೇಪಿನ ಇನ್ನೊಂದು ಬದಿಯನ್ನು ಅದು ಹಿಂದುಮುಂದಾಗಿ ಓದುತ್ತಿದೆ.

ಇಲ್ಲಿ ಒಂದು ಸಣ್ಣ ಕೆಲಸದ ಬಗ್ಗೆ ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಇದನ್ನು ಬಿಟ್ಟುಬಿಡುವವರೇ ಜಾಸ್ತಿ. ಟೇಪ್ ಹೆಡ್‌ನಲ್ಲಿ ಕೂದಲಿಗಿಂತ ತೆಳುವಾದ ಒಂದು ಸೀಳು ಇರುತ್ತದೆ. ರೆಕಾರ್ಡ್ ಮಾಡಿದ ಮೆಶಿನ್‌ನಲ್ಲಿ ಆ ಸೀಳು ಯಾವ ಕೋನದಲ್ಲಿತ್ತೋ, ಓಡಿಸುವ ಮೆಶಿನ್‌ನಲ್ಲೂ ಅದೇ ಕೋನದಲ್ಲಿ ಇರಬೇಕು. ಸಿಂಗಲ್ ಸ್ಪೀಕರ್‌ನ ಮನೆ ರೆಕಾರ್ಡರ್‌ಗಳಲ್ಲಿ ಅದು ಒಂದೊಂದರಲ್ಲಿ ಒಂದೊಂದು ಥರ. ಹೆಡ್ ಪಕ್ಕದಲ್ಲಿ ಒಂದು ಪುಟ್ಟ ಸ್ಕ್ರೂ ಇದೆ. ಎರಡೂ ಚಾನೆಲ್ ಕೂಡಿಸಿ ಮೊನೊದಲ್ಲಿ ಕೇಳುತ್ತ, ಅದನ್ನು ಒಂದಿಷ್ಟೇ ತಿರುಗಿಸಬೇಕು. ಮೊದಲು ಮಾತು ಕಂಬಳಿಯೊಳಗಿಂದ ಬಂದ ಹಾಗೆ ಇರುತ್ತದೆ. ತಿರುಗಿಸುತ್ತ ಹೋದಂತೆ ಒಂದು ಕಡೆ ತಟ್ಟನೆ ತೆರೆದುಕೊಳ್ಳುತ್ತದೆ. ಸ, ಶ, ತ ಎಲ್ಲ ಬಿಡಿಬಿಡಿಯಾಗಿ ಕೇಳುತ್ತವೆ, ಉಸಿರು ಎಳೆದುಕೊಂಡದ್ದೂ ಕೇಳುತ್ತದೆ. ಇನ್ನೊಂಚೂರು ತಿರುಗಿಸಿದರೆ ಮತ್ತೆ ಮಂಕು. ಪ್ರತಿ ಕ್ಯಾಸೆಟ್‌ಗೂ, ಕೆಲವೊಮ್ಮೆ ಪ್ರತಿ ಬದಿಗೂ ಇದನ್ನು ಹೊಸದಾಗಿ ಮಾಡಬೇಕು. ಇಲ್ಲಿ ಕಳೆದುಕೊಂಡದ್ದನ್ನು ಆಮೇಲೆ ಯಾವ ಸಾಫ್ಟ್‌ವೇರೂ ವಾಪಸ್ ತಂದುಕೊಡುವುದಿಲ್ಲ. ಡಿಜಿಟಲ್ ಮಾಡಿಸಲು ಯಾರ ಹತ್ತಿರವಾದರೂ ಹೋದಾಗ "ಪ್ರತಿ ಟೇಪಿಗೂ ಹೆಡ್‌ನ ಕೋನ ಸರಿಮಾಡುತ್ತೀರಾ" ಅಂತ ಕೇಳಿ. ಅವರು ಕಕ್ಕಾಬಿಕ್ಕಿಯಾದರೆ ಬೇರೆಯವರನ್ನು ಹುಡುಕಿ.

ಎಂಪಿ3 ಪ್ರಶ್ನೆಗೆ ನೇರ ಉತ್ತರ: ಬೇಡ. ಕಿವಿಗೆ ಗೊತ್ತಾಗಲಾರದು ಅಂತ ಲೆಕ್ಕ ಹಾಕಿದ ಭಾಗವನ್ನೆಲ್ಲ ಎಂಪಿ3 ಬಿಸಾಡುತ್ತದೆ. ಮುಂದೆ ನೀವು ಗರಗರ ತೆಗೆಸಿ, ಸಣ್ಣ ಧ್ವನಿಯನ್ನು ಮೇಲೆತ್ತಿದಾಗ, ಆ ಬಿಸಾಡಿದ ಜಾಗಗಳೇ ಕಿಣಿಕಿಣಿ ಅಂತ ಕೇಳಿಸತೊಡಗುತ್ತವೆ. ಧ್ವನಿ ಭಂಡಾರಗಳ ಅಂತರರಾಷ್ಟ್ರೀಯ ಸಂಘ ಐಎಎಸ್‌ಎ ತನ್ನ ಮಾರ್ಗಸೂಚಿಯಲ್ಲಿ ಕನಿಷ್ಠ 48 ಕಿಲೋಹರ್ಟ್ಸ್, 24 ಬಿಟ್ ಇರಲಿ ಅನ್ನುತ್ತದೆ, ಅಂದರೆ ಸೆಕೆಂಡಿಗೆ 48 ಸಾವಿರ ಸಲ ಧ್ವನಿಯನ್ನು ಅಳೆದು, ಪ್ರತಿ ಅಳತೆಯನ್ನೂ 24 ಬಿಟ್‌ಗಳಲ್ಲಿ ಬರೆಯುವುದು. 96 ಕಿಲೋಹರ್ಟ್ಸ್ ಇದ್ದರೆ ಒಳ್ಳೆಯದು. ಮಾತಿಗೆ ಅಷ್ಟೆಲ್ಲ ಯಾಕೆ ಅಂತ ನಿಮ್ಮ ಎಡಿಟರ್ ಕೇಳಬಹುದು. ಪ್ಲೇಟಿನ ಟಿಕ್ ಟಿಕ್ ಸದ್ದು ಎಷ್ಟು ಚೊಕ್ಕವಾಗಿ ದಾಖಲಾಗಿದೆಯೋ ಅಷ್ಟು ಸುಲಭವಾಗಿ ಅದನ್ನು ಆಮೇಲೆ ಗುರುತಿಸಿ ತೆಗೆಯಬಹುದು. ಜಾಗವೂ ದೊಡ್ಡ ಸಮಸ್ಯೆ ಅಲ್ಲ. 96 ಕಿಲೋಹರ್ಟ್ಸ್, 24 ಬಿಟ್, ಸ್ಟೀರಿಯೊ ಅಂದರೆ ಗಂಟೆಗೆ ಸುಮಾರು 2 ಜಿಬಿ. ನಿಮ್ಮ ಕ್ಯಾಮೆರಾ ಫುಟೇಜಿನ ಮುಂದೆ ಅದು ಏನೂ ಅಲ್ಲ ಅಲ್ವಾ? ಫೈಲ್ ವೇವ್ ರೂಪದಲ್ಲಿರಲಿ, ಮಾಹಿತಿ ಒಳಗೇ ಬರೆದಿಡಲು ಬರುವ ಬ್ರಾಡ್‌ಕಾಸ್ಟ್ ವೇವ್ ಆದರೆ ಇನ್ನೂ ಒಳ್ಳೆಯದು.

ಡಿಜಿಟಲ್ ಮಾಡುವಾಗ ಲಿಮಿಟರ್ (ಜೋರು ಸದ್ದನ್ನು ಅದುಮುವುದು), ನಾಯ್ಸ್ ರಿಡಕ್ಷನ್ (ಗದ್ದಲ ತಗ್ಗಿಸುವುದು) ಏನೂ ಬೇಡ. ಟೇಪನ್ನು ಮೊದಲಿನಿಂದ ಕೊನೆವರೆಗೆ ಒಂದೇ ಓಟದಲ್ಲಿ ತೆಗೆದುಕೊಳ್ಳಿ. "ಹಲೋ, ಹಲೋ, ಬರ್ತಾ ಇದ್ಯಾ" ಅನ್ನುವುದು, ಮೈಕ್ ಸರಿಸಿದ್ದು, ಯಾರೂ ಮಾತಾಡದ ಖಾಲಿ ಹೊತ್ತು ಎಲ್ಲವೂ ಇರಲಿ. ನಿರ್ದೇಶಕರಾಗಿ ನಿಮಗೆ ಆ ಖಾಲಿ ಹೊತ್ತೇ ಆಮೇಲೆ ಚಿನ್ನ ಆಗುತ್ತದೆ, ಕೆಳಗೆ ಹೇಳುತ್ತೇನೆ. ಪ್ರತಿ ಡಬ್ಬಿ, ಲೇಬಲ್, ಒಳಗಿನ ಚೀಟಿ ಎಲ್ಲದರ ಫೋಟೊ ತೆಗೆದು ಫೈಲ್ ಜೊತೆಗಿಡಿ. ಯಾವ ಮೆಶಿನ್, ಯಾವ ವೇಗ, ಯಾವ ದಿನ ಅಂತ ಬರೆದಿಡಿ. ಚೆಕ್‌ಸಮ್ (ಫೈಲಿನಿಂದ ಲೆಕ್ಕ ಹಾಕಿ ತೆಗೆದ ಗುರುತು ಸಂಖ್ಯೆ) ತೆಗೆದಿಡಿ, ಹತ್ತು ವರ್ಷದ ಮೇಲೆ ಫೈಲ್ ಒಂದು ಬಿಟ್ ಕೂಡ ಬದಲಾಗಿಲ್ಲ ಅಂತ ಅದರಿಂದ ತಿಳಿಯಬಹುದು. ಮೂರು ಪ್ರತಿ ಮಾಡಿ, ಒಂದು ಬೇರೆ ಊರಲ್ಲಿರಲಿ.

ಈಗ ಸಿನಿಮಾದವರು ಎಡವುವ ಜಾಗಕ್ಕೆ ಬರೋಣ: ವೇಗ ಮತ್ತು ಸಿಂಕ್, ಅಂದರೆ ಚಿತ್ರಕ್ಕೂ ಧ್ವನಿಗೂ ತಾಳೆ. 1937ರ ಮೇ 6ರಂದು ಅಮೆರಿಕದ ಲೇಕ್‌ಹರ್ಸ್ಟ್‌ನಲ್ಲಿ ಹಿಂಡನ್‌ಬರ್ಗ್ ಎಂಬ ಜರ್ಮನಿಯ ವಾಯುನೌಕೆ ಉರಿದು ಬಿತ್ತು. ಷಿಕಾಗೊ ರೇಡಿಯೊದ ಹರ್ಬ್ ಮಾರಿಸನ್ ಅದನ್ನು ಕಣ್ಣಾರೆ ನೋಡುತ್ತ, ಅಳುತ್ತ ವರ್ಣಿಸಿದರು. ಅದು ನೇರಪ್ರಸಾರ ಆಗಿರಲಿಲ್ಲ. ನಿಮ್ಮ ಕೈಲಿರುವಂಥದ್ದೇ ಲ್ಯಾಕರ್ ಪ್ಲೇಟಿನ ಮೇಲೆ ಮುದ್ರಣವಾಗಿ, ಮಾರನೇ ದಿನ ಪ್ರಸಾರವಾಯಿತು. ನ್ಯೂಸ್‌ರೀಲ್ ಕ್ಯಾಮೆರಾಗಳು ಬೇರೆಯೇ ಇದ್ದವು. ನಾವಿವತ್ತು ಚಿತ್ರ ಮತ್ತು ಮಾತು ಒಟ್ಟಿಗೇ ಹುಟ್ಟಿದವು ಅಂದುಕೊಂಡು ನೋಡುವ ತುಣುಕು ಆಮೇಲೆ ಜೋಡಿಸಿದ್ದು. ಇನ್ನೊಂದು ವಿಷಯ ಇದೆ. ಮುದ್ರಿಸಿದ ಮೆಶಿನ್ ಸ್ವಲ್ಪ ನಿಧಾನ ಓಡುತ್ತಿತ್ತು. ಹಾಗಾಗಿ ಸರಿಯಾದ ವೇಗ ಅಂದುಕೊಂಡು ಓಡಿಸಿದಾಗ ಮಾರಿಸನ್ ಧ್ವನಿ ಇರುವುದಕ್ಕಿಂತ ತೆಳುವಾಗಿ, ಆತುರವಾಗಿ ಕೇಳುತ್ತದೆ. ನಿಜವಾಗಿ ಅವರದ್ದು ಗಂಭೀರ ಕಂಠ. ಎಷ್ಟೋ ಸಾಕ್ಷ್ಯಚಿತ್ರಗಳು ಆ ತೆಳು ಧ್ವನಿಯನ್ನೇ ನಮ್ಮ ಕಿವಿಯಲ್ಲಿ ಕೂರಿಸಿವೆ.

ಇದಕ್ಕಿಂತ ದೊಡ್ಡ ಉದಾಹರಣೆಯೂ ಇದೆ. ಫ್ರಾನ್ಸಿನ ಸ್ಕಾಟ್ ಡ ಮಾರ್ಟಿನ್‌ವಿಲ್ 1860ರಲ್ಲಿ ಮಸಿ ಹಿಡಿಸಿದ ಕಾಗದದ ಮೇಲೆ ಹಾಡಿನ ಅಲೆಗಳನ್ನು ಗೀಚಿಸಿದ್ದರು. ಅದನ್ನು 2008ರಲ್ಲಿ ಮೊದಲ ಸಲ ಧ್ವನಿಯಾಗಿಸಿದಾಗ ಹುಡುಗಿಯೊಬ್ಬಳು ಹಾಡಿದ ಹಾಗೆ ಕೇಳಿತು. ಹಾಡಿನ ಪಕ್ಕದಲ್ಲೇ ಒಂದು ಶ್ರುತಿಕವೆಯ ಕಂಪನವೂ ದಾಖಲಾಗಿತ್ತು. ಅದರ ಲೆಕ್ಕವನ್ನು ಎರಡು ಪಟ್ಟು ಹಿಡಿದಿದ್ದರು. ಮರುವರ್ಷ ಸರಿಮಾಡಿ ಅರ್ಧ ವೇಗಕ್ಕೆ ಇಳಿಸಿದಾಗ ಕೇಳಿಸಿದ್ದು ಗಂಡಸಿನ ಧ್ವನಿ, ಬಹುಶಃ ಸ್ಕಾಟ್ ಅವರದೇ.

ನಿಮ್ಮ ಟೇಪಿನ ವೇಗ ಹೇಗೆ ಪರೀಕ್ಷಿಸುವುದು? ನಟಿಯ ಧ್ವನಿ ಬಲ್ಲ ಮನೆಯವರನ್ನು ಕೂರಿಸಿ ಕೇಳಿಸುವುದು ಒಂದು. ಜೊತೆಗೆ ಹಾರ್ಮೋನಿಯಂ ಥರದ ಸ್ಥಿರ ಶ್ರುತಿಯ ವಾದ್ಯ ಇದ್ದರೆ ಅದೂ ಸುಳಿವು. ಕರೆಂಟಿನಿಂದ ಬರುವ ಗುಂಯ್ ಸದ್ದು, ಅಂದರೆ ಹಮ್, ಇನ್ನೊಂದು. ಕರೆಂಟು 50 ಹರ್ಟ್ಸ್ ಇರುವ ದೇಶದಲ್ಲಿ ಮುದ್ರಿಸಿದ ಟೇಪಿನಲ್ಲಿ ಹಮ್ 51.5ರಲ್ಲಿ ಕಂಡರೆ ನೂರಕ್ಕೆ 3ರಷ್ಟು ವೇಗ ಹೆಚ್ಚಾಗಿದೆ. ಆದರೆ ಆ ಹಮ್ ನಿಮ್ಮ ಈಗಿನ ಮೆಶಿನ್ ಸೇರಿಸಿದ್ದಲ್ಲ ಅಂತ ಮೊದಲು ಖಾತ್ರಿ ಮಾಡಿಕೊಳ್ಳಿ. ಸರಿಪಡಿಸಿದ ವೇಗವನ್ನು ಬಳಸುವ ಪ್ರತಿಯಲ್ಲಿ ಮಾತ್ರ ಹಾಕಿ. ನಾಳೆ ಇನ್ನೂ ಒಳ್ಳೆಯ ಸುಳಿವು ಸಿಗಬಹುದು.

ಸ್ಪೂಲ್‌ಗಳಲ್ಲಿ ಯಾವುದಾದರೂ ಸಿನಿಮಾ ತಂಡದವರು ಮುದ್ರಿಸಿದ್ದಿದ್ದರೆ, ಡಬ್ಬಿಯ ಮೇಲೆ ನಾಗ್ರಾ (ಸಿನಿಮಾದವರು ಬಳಸುತ್ತಿದ್ದ ಟೇಪ್ ರೆಕಾರ್ಡರ್) ಅಂತಲೋ ಪೈಲಟ್ ಅಂತಲೋ ಬರೆದಿದ್ದರೆ, ಅದನ್ನು ಸಾಮಾನ್ಯ ಟೇಪಿನ ಹಾಗೆ ಡಿಜಿಟಲ್ ಮಾಡಿಸಬೇಡಿ. ಕ್ಯಾಮೆರಾ ಜೊತೆ ಹೊಂದಿಸಲು ಟೇಪಿನ ನಡುವೆ ಒಂದು ಗುಪ್ತ ಸಂಕೇತ ಮುದ್ರಿಸಿರುತ್ತಾರೆ. ಪೂರ್ತಿ ಅಗಲದ ಹೆಡ್‌ಗೆ ಅದು ಕೇಳಿಸುವುದೇ ಇಲ್ಲ. ಅದನ್ನು ಓದಬಲ್ಲ ಮೆಶಿನ್‌ನಲ್ಲೇ ತೆಗೆಸಬೇಕು. ಇಲ್ಲದಿದ್ದರೆ ಎಂದಾದರೂ ಆ ಶೂಟಿಂಗಿನ ಫಿಲ್ಮ್ ಸಿಕ್ಕಾಗ ತುಟಿಗೂ ಮಾತಿಗೂ ತಾಳೆ ಆಗುವುದಿಲ್ಲ. ಸಿನಿಮಾದ ಫ್ರೇಮ್ ವೇಗ ಸೆಕೆಂಡಿಗೆ 24 ಇದ್ದದ್ದು 25ಕ್ಕೆ ಹೋದರೆ ಧ್ವನಿಯ ಶ್ರುತಿ ನೂರಕ್ಕೆ 4ಕ್ಕಿಂತ ಹೆಚ್ಚು ಏರುತ್ತದೆ, ಅದನ್ನೂ ಗಮನಿಸಿ.

ಗರಗರ ತೆಗೆಸುವುದು ತಪ್ಪಲ್ಲ, ಪೂರ್ತಿ ತೆಗೆಸುವುದು ತಪ್ಪು ಅನ್ನುವುದು ನನ್ನ ಅಭಿಪ್ರಾಯ. ಪ್ಲೇಟಿನ ಟಿಕ್ ಟಿಕ್ ತೆಗೆಯಲು ಧಾರಾಳವಾಗಿ ಹೇಳಿ. ಟೇಪಿನ ಹಿಸ್ (ಸುಸ್ ಅನ್ನುವ ಹಿನ್ನೆಲೆ ಸದ್ದು) ವಿಷಯದಲ್ಲಿ ಕೈ ಬಿಗಿ ಇರಲಿ. ಸ, ಶ, ಥ ಅಕ್ಷರಗಳ ಉಸಿರು ಇರುವುದೂ ಹಿಸ್ ಇರುವುದೂ ಒಂದೇ ಜಾಗದಲ್ಲಿ. ಒಂದನ್ನು ಕೆರೆದು ತೆಗೆದರೆ ಇನ್ನೊಂದು ಜೊತೆಗೇ ಹೋಗುತ್ತದೆ. ಉಳಿಯುವುದು ನೀರೊಳಗಿಂದ ಮಾತಾಡಿದಂಥ ಧ್ವನಿ. ಪ್ರೇಕ್ಷಕರ ಕಿವಿ ಒಂದೇ ಸಮನೆ ಇರುವ ಹಿಸ್‌ಗೆ ಬೇಗ ಒಗ್ಗಿಕೊಳ್ಳುತ್ತದೆ. ಅವರಿಗೆ ಕಿರಿಕಿರಿ ಆಗುವುದು ಅದು ತಟ್ಟನೆ ಶುರುವಾಗಿ ತಟ್ಟನೆ ನಿಂತಾಗ. ಅದಕ್ಕೇ ಆ ಖಾಲಿ ಹೊತ್ತನ್ನು ಉಳಿಸಿಕೊಳ್ಳಿ ಅಂದದ್ದು. ಮಾತು ಬರುವ ಮುಂಚೆಯೇ ಅದನ್ನು ಮೆಲ್ಲಗೆ ಏರಿಸಿ, ಎರಡು ತುಣುಕುಗಳ ನಡುವೆ ತುಂಬಿ, ಮಾತು ಮುಗಿದ ಮೇಲೆ ಮೆಲ್ಲಗೆ ಇಳಿಸಿ. ಪದ ಅರ್ಥವಾಗದ ಕಡೆ ಕೆಳಗೆ ಅಕ್ಷರ ಹಾಕಿ, ಧ್ವನಿಯನ್ನು ಹಿಂಸಿಸಬೇಡಿ.

ಎಐ ಸಾಫ್ಟ್‌ವೇರ್ ಬಗ್ಗೆ ನೀವು ಕೇಳಿಲ್ಲ, ಆದರೆ ಎಡಿಟರ್ ಖಂಡಿತ ಕೇಳುತ್ತಾರೆ. ಮಾತು ಮತ್ತು ಗದ್ದಲವನ್ನು ಬೇರ್ಪಡಿಸುವಂಥವು ಹುಷಾರಾಗಿ ಬಳಸಿದರೆ ಉಪಯೋಗಕ್ಕೆ ಬರುತ್ತವೆ. ಕಳೆದುಹೋದ ಧ್ವನಿಯನ್ನು ತಾವೇ ಊಹಿಸಿ ತುಂಬುವಂಥವು ಬೇರೆ. ಅವು ಆಕೆ ಆಡದ ಅಕ್ಷರವನ್ನು ಆಕೆಯ ಬಾಯಲ್ಲಿ ಇಡುತ್ತವೆ. ತೀರಿಹೋದ ಬಾಣಸಿಗರೊಬ್ಬರ ಬಗ್ಗೆ 2021ರಲ್ಲಿ ಬಂದ ಸಾಕ್ಷ್ಯಚಿತ್ರದಲ್ಲಿ, ಅವರು ಬರೆದಿದ್ದ ಕೆಲವು ಸಾಲುಗಳನ್ನು ಎಐ ಮಾಡಿದ ಅವರದೇ ಧ್ವನಿಯಲ್ಲಿ ಓದಿಸಿದ್ದರು. ಸಿನಿಮಾದಲ್ಲಿ ಎಲ್ಲೂ ಅದನ್ನು ಹೇಳಿರಲಿಲ್ಲ. ಗೊತ್ತಾದ ಮೇಲೆ ದೊಡ್ಡ ಗಲಾಟೆಯೇ ಆಯಿತು. ಬರೆದದ್ದು ಮಾತ್ರ ಸಿಕ್ಕಿದ್ದರೆ ಬೇರೆ ನಟಿಯಿಂದ ಓದಿಸಿ, ಓದಿದ್ದು ಯಾರು ಅಂತ ಹೆಸರು ಹಾಕಿ.

ಧ್ವನಿ ಎಲ್ಲಿಯದು, ಯಾವಾಗಿನದು ಅನ್ನುವುದನ್ನೂ ಲೇಬಲ್ ನಂಬಿ ಬಿಟ್ಟುಬಿಡಬೇಡಿ. ಬ್ರಿಟನ್ ಪ್ರಧಾನಿ ಚರ್ಚಿಲ್ 1940ರ ಜೂನ್ 4ರಂದು ಸಂಸತ್ತಿನಲ್ಲಿ ಮಾಡಿದ ಭಾಷಣ ಅಂತ ಯುದ್ಧದ ಚಿತ್ರಗಳ ಮೇಲೆ ಕೇಳಿಸುವ ಧ್ವನಿ ಆ ದಿನದ್ದಲ್ಲ. ಅವತ್ತು ಸಂಸತ್ತಿನಲ್ಲಿ ಮುದ್ರಣವೇ ಆಗಲಿಲ್ಲ. ಅವರು ಅದನ್ನು 1949ರಲ್ಲಿ ತಮ್ಮ ಮನೆಯಲ್ಲಿ ಕೂತು ಓದಿ ಮುದ್ರಿಸಿದ್ದು. ನಿಮ್ಮ ನಟಿಯ ನಾಟಕದ ಹಾಡು ರಂಗದ ಮೇಲಿನದೋ, ವಯಸ್ಸಾದ ಮೇಲೆ ಮೊಮ್ಮಕ್ಕಳಿಗೆ ಹಾಡಿದ್ದೋ? ಸಭಾಂಗಣದ ಗುಂಗು, ಜನರ ಕೆಮ್ಮು, ಹಿಂದಿನ ಪಾತ್ರೆ ಸದ್ದು ಕೇಳಿ ನೋಡಿ. ಅನುಮಾನ ಇದ್ದರೆ ಆಕೆಯ ಯೌವನದ ಫೋಟೊ ಮೇಲೆ ಅದನ್ನು ಹಾಕಬೇಡಿ. ಟೈಮ್‌ಲೈನ್‌ನಲ್ಲಿ ಬಳಸಿದ ಪ್ರತಿ ತುಣುಕಿಗೂ ಯಾವ ಟೇಪು, ಎಷ್ಟನೇ ನಿಮಿಷ ಅಂತ ಒಂದು ಪಟ್ಟಿ ಇಡಿ.

ಹಕ್ಕಿನ ವಿಷಯ ಚಿಕ್ಕದಾಗಿ. ಪೆಟ್ಟಿಗೆ ಕೊಟ್ಟವರೆಲ್ಲ ಹಕ್ಕುದಾರರಲ್ಲ. ಹಾಡು ಬರೆದವರ ಹಕ್ಕು, ಹಾಡಿದವರ ಹಕ್ಕು, ಮುದ್ರಿಸಿದವರ ಹಕ್ಕು ಬೇರೆ ಬೇರೆ. ಅವಧಿಯೂ ದೇಶದಿಂದ ದೇಶಕ್ಕೆ ಬೇರೆ. ಎಡಿಟ್ ಮುಗಿಯುವ ಮುಂಚೆಯೇ ವಕೀಲರಿಗೆ ತೋರಿಸಿ. ಕ್ಯಾಸೆಟ್‌ನಲ್ಲಿ ಮನೆಯ ಖಾಸಗಿ ಮಾತುಕತೆ ಇದ್ದರೆ, ಅದರಲ್ಲಿ ಮಾತಾಡಿದವರು ಬದುಕಿದ್ದರೆ, ಕೇಳಿಸಿ ಒಪ್ಪಿಗೆ ಪಡೆಯಿರಿ.

ಮೂಲಗಳನ್ನು ಯಾವುದಾದರೂ ಧ್ವನಿ ಭಂಡಾರಕ್ಕೆ ಒಪ್ಪಿಸಲು ಮನೆಯವರ ಜೊತೆ ಈಗಲೇ ಮಾತಾಡಿ. ಡಿಜಿಟಲ್ ಆಯಿತಲ್ಲ, ಇನ್ಯಾಕೆ ಅಂತ ಟೇಪ್‌ಗಳನ್ನು ಎಸೆಯಲು ಬಿಡಬೇಡಿ, ಮುಂದೆ ಇನ್ನೂ ಚೆನ್ನಾಗಿ ಓದುವ ದಾರಿ ಬರಬಹುದು. ಒಪ್ಪಿಸುವಾಗ ಮುಟ್ಟದ ಫೈಲ್‌ಗಳು, ಫೋಟೊಗಳು, ನಿಮ್ಮ ಟಿಪ್ಪಣಿ ಎಲ್ಲವನ್ನೂ ಜೊತೆಗೆ ಕೊಡಿ. ಯಾರು ಕೇಳಬಹುದು, ಯಾವ ಟೇಪನ್ನು ಎಷ್ಟು ವರ್ಷ ತೆರೆಯಬಾರದು, ಮನೆಯವರಿಗೆ ಪ್ರತಿ ಹೇಗೆ ಸಿಗುತ್ತದೆ ಅನ್ನುವುದನ್ನು ಒಪ್ಪಂದದಲ್ಲೇ ಬರೆಸಿಕೊಳ್ಳಿ.